ಸೋಮವಾರ ಕೇಳುವ ಪ್ರಶ್ನೆ: ನಿಮ್ಮ ತಂಡ ಯಾವುದು?

ಮ್ಯಾಂಚೆಸ್ಟರ್, ಲಿವರ್‌ಪೂಲ್ ಕಡೆಗೆ ಕೆಲಸಕ್ಕೆ ಬಂದವರಿಗೆ ಬಾಡಿಗೆ ಮನೆ, ಬ್ಯಾಂಕು, ಮಕ್ಕಳ ಶಾಲೆಯ ವಿಚಾರ ಹೇಳಿಕೊಡಲು ನಮ್ಮವರು ಬೇಕಾದಷ್ಟಿದ್ದಾರೆ. ಫುಟ್‌ಬಾಲ್ ಬಗ್ಗೆ ಹೇಳುವವರು ಕಮ್ಮಿ. ಆದರೆ ಆಫೀಸಿನಲ್ಲಿ ಹೆಸರು ಕೇಳಿದ ಮೇಲೆ ಮುಂದಿನ ಪ್ರಶ್ನೆ ಬಹುಶಃ ಅದೇ: ನಿಮ್ಮ ತಂಡ ಯಾವುದು? ಆಟದ ನಿಯಮ ಗೊತ್ತಿಲ್ಲದಿದ್ದರೂ ಪರವಾಗಿಲ್ಲ. ಆಫ್‌ಸೈಡ್ ಯಾವುದು ಅಂತ ಇಲ್ಲಿ ಹುಟ್ಟಿ ಬೆಳೆದವರೇ ಇನ್ನೂ ಜಗಳವಾಡುತ್ತಾರೆ.

ಈ ಆಟವನ್ನು ಊರಿನ ಆಸ್ತಿ ಮಾಡಿದ್ದು ಗಿರಣಿ, ರೈಲ್ವೆ ವರ್ಕ್‌ಶಾಪು ಮತ್ತು ಚರ್ಚು. 1850ರ ಕಾರ್ಖಾನೆ ಕಾಯ್ದೆ ಬಟ್ಟೆ ಗಿರಣಿಗಳಲ್ಲಿ ಹೆಂಗಸರ ಮತ್ತು ಹುಡುಗರ ಶನಿವಾರದ ಕೆಲಸವನ್ನು ಮಧ್ಯಾಹ್ನ 2ಕ್ಕೆ ನಿಲ್ಲಿಸಿತು. ಅವರಿಲ್ಲದೆ ಗಿರಣಿ ನಡೆಯದು. ಬರಬರುತ್ತಾ ಉಳಿದ ದುಡಿಮೆಗಾರರಿಗೂ ಶನಿವಾರದ ಅರ್ಧ ದಿನ ಸಿಕ್ಕಿತು. ಭಾನುವಾರ ದೇವರಿಗೆ ಮೀಸಲು. ಹಾಗಾಗಿ ಆಟಕ್ಕೆ ಉಳಿದದ್ದು ಶನಿವಾರ 3 ಗಂಟೆ. ಆ ಹೊತ್ತಿಗೆ ಇಂದಿಗೂ ಎಷ್ಟು ಗೌರವವೆಂದರೆ, ಶನಿವಾರ 2.45ರಿಂದ 5.15ರವರೆಗೆ ಇಲ್ಲಿನ ಟಿವಿಯಲ್ಲಿ ನೇರಪ್ರಸಾರವಿಲ್ಲ. ಜನ ಮನೆಯಲ್ಲೇ ಕೂತರೆ ಸಣ್ಣ ಕ್ಲಬ್‌ಗಳ ಗ್ಯಾಲರಿ ಖಾಲಿ ಬೀಳುತ್ತದೆಂಬ ಭಯ. ಮೈಸೂರಿನಲ್ಲಿರುವ ನಿಮ್ಮ ತಮ್ಮ ನೋಡುವ ಪಂದ್ಯ, ಮೈದಾನದ ಪಕ್ಕದ ಬೀದಿಯಲ್ಲಿರುವ ನಿಮಗೆ ಕಾಣುವುದಿಲ್ಲ. ಚಾನೆಲ್‌ನವರಿಗೆ ಫೋನ್ ಮಾಡಿ ಬೈಯಬೇಡಿ.

ಮ್ಯಾಂಚೆಸ್ಟರ್ ಯುನೈಟೆಡ್ 1878ರಲ್ಲಿ ನ್ಯೂಟನ್ ಹೀತ್‌ನ ರೈಲ್ವೆ ಕಾರ್ಮಿಕರು ಕಟ್ಟಿಕೊಂಡ ತಂಡ. ಮ್ಯಾಂಚೆಸ್ಟರ್ ಸಿಟಿ ಹುಟ್ಟಿದ್ದು 1880ರಲ್ಲಿ, ಗಾರ್ಟನ್‌ನ ಒಂದು ಚರ್ಚಿನ ನೆರಳಿನಲ್ಲಿ. ಲಿವರ್‌ಪೂಲ್ ಊರಿನ ಎವರ್ಟನ್ ಕೂಡ ಚರ್ಚಿನದೇ ಕೂಸು. ಅದು ಮೈದಾನದ ಬಾಡಿಗೆ ಜಗಳದಲ್ಲಿ ಆನ್‌ಫೀಲ್ಡ್ ಬಿಟ್ಟು ಹೋದಾಗ, ಖಾಲಿ ಮೈದಾನಕ್ಕಾಗಿ 1892ರಲ್ಲಿ ಹುಟ್ಟಿಕೊಂಡದ್ದು ಲಿವರ್‌ಪೂಲ್ ತಂಡ. ಗಿರಣಿಗಳು ಮುಚ್ಚಿದವು, ಕ್ಲಬ್‌ಗಳು ಉಳಿದವು. ಅದಕ್ಕೇ ಇಲ್ಲಿನವರಿಗೆ ತಂಡವೆಂದರೆ ಮನೆದೇವರಿದ್ದಂತೆ: ಅಪ್ಪನಿಂದ ಬರುತ್ತದೆ, ಸೋತಿತೆಂದು ಬದಲಿಸುವಂತಿಲ್ಲ. ಈ ವರ್ಷ ಗೆದ್ದವರನ್ನು ಹಿಡಿದು 'ನಾನೂ ಅವರ ಕಡೆ' ಅಂದರೆ ಯಾರೂ ನಂಬುವುದಿಲ್ಲ. 'ಇನ್ನೂ ನೋಡ್ತಾ ಇದ್ದೀನಿ' ಅನ್ನಿ. ಪ್ರತಿಯೊಬ್ಬರೂ ತಮ್ಮ ತಂಡಕ್ಕೆ ಕರೆಯುತ್ತಾರೆ, ಗೆಳೆತನವೂ ಬೆಳೆಯುತ್ತದೆ.

ಎರಡು ವಿಷಯಗಳಲ್ಲಿ ಮಾತ್ರ ತಮಾಷೆ ಬೇಡ. 1958ರ ಫೆಬ್ರವರಿ 6ರಂದು ಮ್ಯೂನಿಕ್‌ನಲ್ಲಿ ವಿಮಾನ ಬಿದ್ದು 23 ಜನ ತೀರಿಕೊಂಡರು, ಅವರಲ್ಲಿ 8 ಮಂದಿ ಯುನೈಟೆಡ್ ಆಟಗಾರರು. 1989ರ ಏಪ್ರಿಲ್ 15ರಂದು ಶೆಫೀಲ್ಡ್‌ನ ಹಿಲ್ಸ್‌ಬರೋ ಮೈದಾನದಲ್ಲಾದ ನೂಕುನುಗ್ಗಲು 97 ಲಿವರ್‌ಪೂಲ್ ಅಭಿಮಾನಿಗಳನ್ನು ಬಲಿ ತೆಗೆದುಕೊಂಡಿತು. ತಪ್ಪು ಅಭಿಮಾನಿಗಳದೇ ಎಂದು ಆಗ ಬರೆದ 'ದಿ ಸನ್' ಪತ್ರಿಕೆಯನ್ನು ಲಿವರ್‌ಪೂಲ್‌ನಲ್ಲಿ ಇಂದಿಗೂ ಬಹಳ ಜನ ಮುಟ್ಟುವುದಿಲ್ಲ. 2016ರ ತೀರ್ಪು ಅಭಿಮಾನಿಗಳದ್ದು ತಪ್ಪಿಲ್ಲವೆಂದಿತು. 27 ವರ್ಷ ಕಾದವರ ಮುಂದೆ ಜಾಣತನ ತೋರಿಸಬಾರದು.

ಮಗಳು ಆಡುತ್ತೇನೆ ಅಂದರೆ ಅಡ್ಡಿ ಮಾಡಬೇಡಿ. 1920ರ ಡಿಸೆಂಬರ್‌ನಲ್ಲಿ ಲಿವರ್‌ಪೂಲ್‌ನ ಗುಡಿಸನ್ ಪಾರ್ಕ್ ಮೈದಾನದಲ್ಲಿ ಹೆಂಗಸರ ಒಂದು ಪಂದ್ಯಕ್ಕೆ ಸುಮಾರು 53,000 ಜನ ಸೇರಿದ್ದರು. ಮರುವರ್ಷವೇ ಫುಟ್‌ಬಾಲ್ ಸಂಸ್ಥೆ ಅವರನ್ನು ತನ್ನ ಕ್ಲಬ್‌ಗಳ ಮೈದಾನಗಳಿಂದ ಹೊರಗಿಟ್ಟಿತು; ಸುಮಾರು 50 ವರ್ಷ ಆ ಬಾಗಿಲು ತೆರೆಯಲಿಲ್ಲ. ಈಗ ಹುಡುಗಿಯರ ತಂಡಗಳಿರುವ ಕ್ಲಬ್‌ಗಳು ಬೇಕಾದಷ್ಟಿವೆ.

ಕ್ರಿಕೆಟ್ಟೇ ಬೇಕೆನ್ನುವವರಿಗೆ ಶನಿವಾರದ ಲೀಗುಗಳಿವೆ. ಅಲ್ಲಿ ನಮ್ಮ ಕುಂಬ್ಳೆ ಹೆಸರು ಮಾತಿಗೆ ದಾರಿಯಾದೀತು: 1995ರಲ್ಲಿ ನಾರ್ಥಾಂಪ್ಟನ್‌ಶೈರ್ ಪರ ಒಂದೇ ಸೀಸನ್‌ನಲ್ಲಿ 105 ವಿಕೆಟ್ ಕಿತ್ತವರು.

ಮೊದಲ ಪಂದ್ಯಕ್ಕೆ ದೊಡ್ಡ ಕ್ಲಬ್‌ನ ದುಬಾರಿ ಟಿಕೆಟ್ ಹಿಂದೆ ಬೀಳಬೇಡಿ. ಬೆರಿ (Bury), ಸ್ಟಾಕ್‌ಪೋರ್ಟ್, ರಾಚ್‌ಡೇಲ್‌ನಂಥ ಸಣ್ಣ ಕ್ಲಬ್‌ಗಳಲ್ಲಿ ಹತ್ತಿರದ್ದು ಯಾವುದೋ ಅಲ್ಲಿಗೆ ಹೋಗಿ. ಟಿಕೆಟ್ ಆತಿಥೇಯರ ಕಡೆಯದಾಗಿದ್ದರೆ ಎದುರಾಳಿಗಳ ಬಣ್ಣದ ಜೆರ್ಸಿ, ಸ್ಕಾರ್ಫ್ ಬೇಡ, ಹೊರಗೆ ಕಳಿಸಿಯಾರು. ಮೇಲಿನ ಹಂತದ ಲೀಗುಗಳ ಪಂದ್ಯಗಳಲ್ಲಿ ಬಿಯರ್ ಹಿಡಿದುಕೊಂಡು ಮೈದಾನ ಕಾಣುವ ಕಡೆ ಹೋಗುವಂತಿಲ್ಲ, ಅದು 1985ರ ಕಾನೂನು. ಮೇ ತಿಂಗಳಲ್ಲೂ ಜಾಕೆಟ್ ತೆಗೆದುಕೊಂಡು ಹೋಗಿ.