ಹೈಕೋರ್ಟ್ ಜಡ್ಜ್ ಆಗಬೇಕು ಅನ್ನೋರಿಗೆ

ಹೋದ ವಾರ ಮುಂಡರಗಿಯಿಂದ ಅಕ್ಕನ ಮಗಳು ಫೋನ್ ಮಾಡಿದ್ದಳು. ಗದಗದಲ್ಲಿ ಎಲ್‌ಎಲ್‌ಬಿ ಓದುತ್ತಿದ್ದಾಳೆ. "ಚಿಗವ್ವ, ಹೈಕೋರ್ಟ್ ಜಡ್ಜ್ ಆಗಾಕ ಯಾವ ಪರೀಕ್ಷೆ ಬರೀಬೇಕು? ಅರ್ಜಿ ಯಾವಾಗ ಕರೀತಾರ?" ಅಂದಳು. ಪರೀಕ್ಷೆನೂ ಇಲ್ಲ, ಅರ್ಜಿನೂ ಇಲ್ಲ ಅಂದೆ. ಆ ಕಡೆ ಮಾತೇ ನಿಂತಿತು. ಹುಬ್ಬಳ್ಳಿ-ಧಾರವಾಡದಲ್ಲಿ ಇಪ್ಪತ್ತೈದು ವರ್ಷದಿಂದ ವಕೀಲಿ ಮಾಡುತ್ತಿದ್ದೇನೆ. ಫೋನಿನಲ್ಲಿ ಹೇಳಿ ಮುಗಿಯದ ಮಾತನ್ನು ಇಲ್ಲಿ ಬರೆಯುತ್ತಿದ್ದೇನೆ. ಅವಳಂಥ ಇನ್ನೂ ನಾಲ್ಕು ಮಂದಿಗೆ ಬೇಕಾದೀತು.

ಮೊದಲು ದಾರಿ ತಿಳಿದುಕೊಳ್ಳಿ. ಸಂವಿಧಾನದ 217ನೇ ವಿಧಿ ಕೇಳುವುದು ಇಷ್ಟು: ಭಾರತದ ಪ್ರಜೆ ಆಗಿರಬೇಕು, ಹೈಕೋರ್ಟಿನಲ್ಲಿ 10 ವರ್ಷ ವಕೀಲಿ ಮಾಡಿರಬೇಕು, ಇಲ್ಲವೇ ನ್ಯಾಯಾಂಗ ಹುದ್ದೆಯಲ್ಲಿ 10 ವರ್ಷ ಇರಬೇಕು. ಹೆಸರು ಆರಿಸುವುದು ಹೈಕೋರ್ಟಿನ ಕೊಲಿಜಿಯಂ, ಅಂದರೆ ಮುಖ್ಯ ನ್ಯಾಯಮೂರ್ತಿ ಮತ್ತು ಅವರ ನಂತರದ ಇಬ್ಬರು ಹಿರಿಯರು. ಸರ್ಕಾರದ ಅಭಿಪ್ರಾಯ, ಗುಪ್ತಚರ ವರದಿ ಎಲ್ಲ ಸೇರಿ ಕಡತ ಸುಪ್ರೀಂ ಕೋರ್ಟ್ ಕೊಲಿಜಿಯಂ ಮುಂದೆ ಹೋಗುತ್ತದೆ. ನೇಮಕ ಮಾಡುವವರು ರಾಷ್ಟ್ರಪತಿ. ಸಾಮಾನ್ಯವಾಗಿ ಮೊದಲು ಹೆಚ್ಚುವರಿ ನ್ಯಾಯಮೂರ್ತಿ, ಆಮೇಲೆ ಕಾಯಂ. ನಿವೃತ್ತಿ 62ನೇ ವಯಸ್ಸಿಗೆ.

ಕೆಳಗಿನ ಕೋರ್ಟಿನಿಂದ ಮೇಲೆ ಹೋಗುವ ದಾರಿಯೂ ಇದೆ. ಬಳ್ಳಾರಿಯ ಮಂಜುಳಾ ಚೆಲ್ಲೂರ್ ಅವರನ್ನು ನೋಡಿ. ತಮ್ಮೂರಲ್ಲೇ ವಕೀಲಿ ಮಾಡಿ, 1988ರಲ್ಲಿ ಜಿಲ್ಲಾ ನ್ಯಾಯಾಧೀಶರಾದರು. 2000ದಲ್ಲಿ ಕರ್ನಾಟಕ ಹೈಕೋರ್ಟಿನ ಮೊದಲ ಮಹಿಳಾ ನ್ಯಾಯಮೂರ್ತಿ. ಮುಂದೆ ಕೇರಳ, ಕಲ್ಕತ್ತಾ, ಬಾಂಬೆ ಹೈಕೋರ್ಟುಗಳ ಮುಖ್ಯ ನ್ಯಾಯಮೂರ್ತಿ. ವಕೀಲರು ನೇರವಾಗಿ ಜಿಲ್ಲಾ ನ್ಯಾಯಾಧೀಶರಾಗಲು ಕನಿಷ್ಠ 7 ವರ್ಷದ ವಕೀಲಿ ಬೇಕು. ಸಿವಿಲ್ ಜಡ್ಜ್ ಪರೀಕ್ಷೆಗೂ ಈಗ 3 ವರ್ಷದ ವಕೀಲಿ ಬೇಕೆಂದು 2025ರಲ್ಲಿ ಸುಪ್ರೀಂ ಕೋರ್ಟ್ ಹೇಳಿದೆ. ಹಾಗಾಗಿ ಯಾವ ದಾರಿ ಹಿಡಿದರೂ ಮೊದಲು ಕರಿ ಕೋಟು ಹಾಕಿಕೊಂಡು ಕೋರ್ಟಿನಲ್ಲಿ ನಿಲ್ಲಲೇಬೇಕು.

ನನಗೆ ಗೊತ್ತಿರುವುದು ವಕೀಲರ ದಾರಿ. ನಮ್ಮ ಕಡೆಯವರಿಗೆ ಇದು ಮೊದಲು ಬಹಳ ದೂರ ಇತ್ತು. ಅಪೀಲು ಅಂದರೆ ರಾತ್ರಿ ರಾಣಿ ಚೆನ್ನಮ್ಮ ರೈಲು ಹತ್ತಿ, ಬೆಳಿಗ್ಗೆ ಬೆಂಗಳೂರಿನಲ್ಲಿ ಬೇರೆ ವಕೀಲರ ಕೈಗೆ ಫೈಲು ಕೊಟ್ಟು ಬರುವುದು. 2008ರ ಜುಲೈ 7ಕ್ಕೆ ಧಾರವಾಡದಲ್ಲಿ ಹೈಕೋರ್ಟಿನ ಸಂಚಾರಿ ಪೀಠ ಶುರುವಾಯಿತು, 2013ರಲ್ಲಿ ಕಾಯಂ ಪೀಠ ಆಯಿತು. ಈಗ ಗದಗ, ಹಾವೇರಿಯ ಹುಡುಗರೂ ಮನೆಯಿಂದಲೇ ಹೋಗಿ ಹೈಕೋರ್ಟಿನಲ್ಲಿ ವಾದ ಮಾಡಬಹುದು. ಅವರ ಕೆಲಸವನ್ನು ನ್ಯಾಯಮೂರ್ತಿಗಳು ಕಣ್ಣಾರೆ ನೋಡುತ್ತಾರೆ. ಇದನ್ನು ಬಿಡಬೇಡಿ.

ಪೀಠ ಬಂದ ಹೊಸತರಲ್ಲಿ ಶಿಗ್ಗಾವಿ ಕಡೆಯ ಒಂದು ವಾಟ್ನಿ (ಆಸ್ತಿ ಪಾಲಿನ) ದಾವೆಯಲ್ಲಿ ಸೆಕೆಂಡ್ ಅಪೀಲು, ಅಂದರೆ ಹೈಕೋರ್ಟಿಗೆ ಹಾಕುವ ಎರಡನೇ ಅಪೀಲು ಬರೆದೆ. ಸಿವಿಲ್ ಪ್ರಕ್ರಿಯಾ ಸಂಹಿತೆಯ 100ನೇ ಕಲಂ ಪ್ರಕಾರ, ಕಾನೂನಿನ ಗಣನೀಯ ಪ್ರಶ್ನೆ ಇದ್ದರೆ ಮಾತ್ರ ಅದನ್ನು ವಿಚಾರಣೆಗೆ ತಗೊಳ್ಳುತ್ತಾರೆ. ನಾನು ಹನ್ನೊಂದು ಪ್ರಶ್ನೆ ಬರೆದಿದ್ದೆ. ನಮ್ಮ ಸೀನಿಯರ್ ಪೆನ್ಸಿಲ್ ಹಿಡಿದು ಓದಿದರು, ಒಂದೊಂದಕ್ಕೂ ಗೆರೆ ಎಳೆಯುತ್ತಾ ಹೋದರು. ಕೊನೆಗೆ ಉಳಿದದ್ದು ಒಂದೇ. ಮೋಡಿ ಲಿಪಿಯ (ಹಿಂದೆ ಮರಾಠಿ ಬರೆಯುತ್ತಿದ್ದ ಅಕ್ಷರದ) ಒಂದು ಹಳೇ ಕಾಗದ ನಿ.ಪಿ-7, ಅಂದರೆ ವಾದಿಯ ಕಡೆಯ ಏಳನೇ ದಾಖಲೆ ಅಂತ ಗುರುತಾಗಿತ್ತು, ಅದರ ಕನ್ನಡ ಅನುವಾದವೂ ಫೈಲಿನಲ್ಲಿತ್ತು. ಮೊದಲ ಅಪೀಲು ಕೋರ್ಟ್ ಅದರ ಹೆಸರೇ ಎತ್ತದೆ ತೀರ್ಪು ಕೊಟ್ಟಿತ್ತು. "ಈ ಹತ್ತೂ ನಿನ್ನ ಸಿಟ್ಟವ ತಂಗಿ, ಇದೊಂದ ಪ್ರಶ್ನಿ" ಅಂದರು. ಕೋರ್ಟಿನಲ್ಲಿ ನ್ಯಾಯಮೂರ್ತಿಗಳು ಕೇಳಿದ್ದೂ ಒಂದೇ ಮಾತು: "ಆ ಕಾಗದ ಎಷ್ಟನೇ ಪುಟ?" ಅಪೀಲು ವಿಚಾರಣೆಗೆ ಅಂಗೀಕಾರ ಆಯಿತು.

ರಾಶಿ ಕಾಗದದೊಳಗಿಂದ ಆ ಒಂದು ಪ್ರಶ್ನೆ ತೆಗೆಯುವುದೇ ಜಡ್ಜ್ ಆದವರ ದಿನದ ಕೆಲಸ. ಇದನ್ನು ನೀವು ಈಗಲೇ ರೂಢಿ ಮಾಡಿಕೊಳ್ಳಬಹುದು. ವಾರಕ್ಕೊಂದು ಮುಗಿದ ಕೇಸಿನ ಫೈಲು ಸೀನಿಯರ್ ಹತ್ತಿರ ಕೇಳಿ ಪಡೆಯಿರಿ. ತೀರ್ಪನ್ನು ಮುಚ್ಚಿಡಿ. ದಾವೆ, ತಕರಾರು (ಪ್ರತಿವಾದಿಯ ಉತ್ತರ), ಸಾಕ್ಷಿ ಇಷ್ಟನ್ನೇ ಓದಿ. ವಾದಾಂಶಗಳನ್ನು, ಅಂದರೆ ಕೋರ್ಟ್ ತೀರ್ಮಾನಿಸಬೇಕಾದ ಪ್ರಶ್ನೆಗಳನ್ನು ನೀವೇ ಬರೆಯಿರಿ, ಎರಡು ಪುಟದ ತೀರ್ಪು ಬರೆಯಿರಿ. ಸೋಲುವವನ ವಾದವನ್ನು ಅವನೇ ಓದಿದರೂ "ಹೌದು, ನಾ ಹೇಳಿದ್ದು ಇದೇ" ಅನ್ನುವ ಹಾಗೆ ಬರೆಯಬೇಕು. ಆಮೇಲೆ ನಿಜವಾದ ತೀರ್ಪು ತೆರೆದು ಹೋಲಿಸಿ. ನಮ್ಮಲ್ಲಿ ಸಾಕ್ಷಿ ಕನ್ನಡದಲ್ಲಿರುತ್ತದೆ, ಹೈಕೋರ್ಟ್ ತೀರ್ಪು ಹೆಚ್ಚಾಗಿ ಇಂಗ್ಲಿಷಿನಲ್ಲಿ. ಎರಡರಲ್ಲೂ ಕೈ ಪಳಗಬೇಕು.

ಇನ್ನೊಂದು, ಯಾರೂ ಹೇಳಿಕೊಡದ ಮಾತು. ಮೊದಲ ದಿನದಿಂದ ಒಂದು ದಪ್ಪ ನೋಟ್‌ಬುಕ್ ಇಡಿ. ಕೇಸ್ ನಂಬರ್, ಯಾವ ಕೋರ್ಟ್, ಯಾರ ಪರ, ಏನಾಯಿತು, ತೀರ್ಪು ಕಾನೂನು ಪತ್ರಿಕೆಯಲ್ಲಿ ಅಚ್ಚಾಗಿದ್ದರೆ ಯಾವ ಪುಟ, ಎಲ್ಲ ಬರೆಯಿರಿ. ಹೆಸರು ಪರಿಶೀಲನೆಗೆ ಬಂದಾಗ ವಾದಿಸಿದ ಕೇಸುಗಳು, ವೃತ್ತಿಯ ಆದಾಯ ಎರಡನ್ನೂ ನೋಡುತ್ತಾರೆ. ಫೀಸಿಗೆ ರಸೀದಿ ಕೊಡಿ, ತೆರಿಗೆ ತುಂಬಿ. ನಗದು ಜೇಬಿಗಿಳಿಸಿ ಸುಮ್ನೆ ಇದ್ದವರು ಆಗ ತೋರಿಸುವುದಾದರೂ ಏನು?

ಆ ಬದುಕು ನಿಮಗೆ ಹೊಂದುತ್ತದೆಯಾ ಅಂತಲೂ ಮನೆಯವರ ಜೊತೆ ಕೂತು ಮಾತಾಡಿ. ಹೈಕೋರ್ಟ್ ನ್ಯಾಯಮೂರ್ತಿಗಳ ಮೂಲ ಸಂಬಳ 2016ರಿಂದ ತಿಂಗಳಿಗೆ 2.25 ಲಕ್ಷ. ಚೆನ್ನಾಗಿ ನಡೆಯುವ ವಕೀಲರ ಆದಾಯ ಇದಕ್ಕಿಂತ ಜಾಸ್ತಿ ಇರುತ್ತದೆ. ಬೇರೆ ರಾಜ್ಯಕ್ಕೂ ವರ್ಗ ಆಗಬಹುದು. ಸುಪ್ರೀಂ ಕೋರ್ಟ್ 1997ರಲ್ಲಿ ಒಪ್ಪಿಕೊಂಡ ನಡತೆಯ ಸೂತ್ರಗಳ ಪ್ರಕಾರ ನ್ಯಾಯಮೂರ್ತಿಗಳು ತಮ್ಮ ಕೋರ್ಟಿನ ವಕೀಲರ ಜೊತೆ ಹತ್ತಿರದ ಒಡನಾಟ ಇಟ್ಟುಕೊಳ್ಳುವಂತಿಲ್ಲ. ಮಗನೋ ಮಗಳೋ ವಕೀಲರಾಗಿದ್ದರೆ ಅವರು ನ್ಯಾಯಮೂರ್ತಿ ಇರುವ ಮನೆಯಲ್ಲಿ ಆಫೀಸು ಮಾಡುವಂತಿಲ್ಲ. ನಮ್ಮ ಕಡೆ ಮದುವೆ, ಜಾತ್ರೆ, ಸೀಮಂತ ಅಂದರೆ ಎಲ್ಲರೂ ಬರಬೇಕು, ಕೂತು ಉಣ್ಣಬೇಕು ಅಲ್ವಾ? ಇಪ್ಪತ್ತು ವರ್ಷ ಒಟ್ಟಿಗೆ ಚಹಾ ಕುಡಿದ ಗೆಳೆಯರಿಂದ ದೂರ ಸರಿಯುವುದು ಸುಲಭ ಅಲ್ಲ. ನಾನು ಕಂಡಂತೆ ಸಂಬಳಕ್ಕಿಂತ ಜಾಸ್ತಿ ಭಾರ ಇದು. ಕಾಯಂ ನ್ಯಾಯಮೂರ್ತಿಯಾಗಿ ನಿವೃತ್ತರಾದ ಮೇಲೆ ವಾದ ಮಾಡಬೇಕೆಂದರೆ ಸುಪ್ರೀಂ ಕೋರ್ಟ್, ಇಲ್ಲವೇ ಬೇರೆ ಹೈಕೋರ್ಟುಗಳಿಗೆ ಹೋಗಬೇಕು.

ಅಕ್ಕನ ಮಗಳಿಗೆ ಸೋಮವಾರ ಬಾ ಅಂದಿದ್ದೇನೆ. ಹೈಕೋರ್ಟ್ ಇರುವುದು ಧಾರವಾಡದಿಂದ ಬೆಳಗಾವಿ ರಸ್ತೆಯಲ್ಲಿ, ಬೇಲೂರು ಅನ್ನೋ ಊರಿನ ಹತ್ತಿರ (ಹಾಸನದ ಬೇಲೂರಲ್ಲ). ಬೆಳಿಗ್ಗೆ ಹತ್ತೂವರೆಗೆ ಕಲಾಪ ಶುರು. ಹಿಂದಿನ ಸಾಲಿನಲ್ಲಿ ಕೂತು, ನ್ಯಾಯಮೂರ್ತಿಗಳು ಪ್ರತಿ ಕೇಸಿನಲ್ಲಿ ಕೇಳುವ ಮೊದಲ ಪ್ರಶ್ನೆಯನ್ನಷ್ಟೇ ಬರೆದುಕೋ ಅಂತ ಹೇಳಿದ್ದೇನೆ. ಗುರುತಿನ ಚೀಟಿ, ನೋಟ್‌ಬುಕ್ ಅವಳು ತರಬೇಕು. ರೊಟ್ಟಿ ಬುತ್ತಿ ನಾನು ಕಟ್ಟಿಕೊಳ್ಳುತ್ತೇನೆ.