ಹತ್ತಿಯಲ್ಲಿ ಸುತ್ತಿದ ವಾಚು

ನಾನು ಹಳೇ ಹಾರರ್ ಕಥೆಗಳನ್ನೇ ಹಿಡಿದು ಕಿರುಚಿತ್ರ ಮಾಡಲು ಮೊದಲ ಕಾರಣ ದುಡ್ಡು. ಇಂಥ ಕಥೆ ಬರೆದ ಅಮೆರಿಕದ ಲೇಖಕ ಎಡ್ಗರ್ ಅಲನ್ ಪೋ ತೀರಿಕೊಂಡಿದ್ದು 1849ರಲ್ಲಿ. ನಮ್ಮಲ್ಲಿ ಲೇಖಕರು ಹೋದ ಮೇಲೆ 60 ವರ್ಷಕ್ಕೆ ಕಾಪಿರೈಟ್ ಮುಗಿಯುತ್ತದೆ, ಹಾಗಾಗಿ ಯಾರಿಗೂ ಪೈಸೆ ಕೊಡಬೇಕಿಲ್ಲ. (ಕನ್ನಡ ಅನುವಾದ ಇಟ್ಟುಕೊಂಡು ಮಾಡುವವರು ಹುಷಾರು, ಅನುವಾದಕರ ಹಕ್ಕು ಬೇರೆ.)

ಎತ್ತಿಕೊಂಡಿದ್ದು ಪೋ ಬರೆದ 1843ರ ‘ದಿ ಟೆಲ್-ಟೇಲ್ ಹಾರ್ಟ್’. ಮುದುಕನ ಕಣ್ಣು ಕಂಡರಾಗದ ಒಬ್ಬ ಅವನನ್ನು ಕೊಂದು, ನೆಲದ ಹಲಗೆಯಡಿ ಬಚ್ಚಿಟ್ಟು, ಪೊಲೀಸರ ಎದುರು ಕೂತಾಗ ಹೆಣದ ಎದೆಬಡಿತ ಕೇಳಿಸಿ ತಾನೇ ಬಾಯಿಬಿಡುತ್ತಾನೆ. ಓದುವಾಗ ಮೈ ಜುಂ ಅನ್ನುತ್ತದೆ, ಸ್ಕ್ರಿಪ್ಟ್ ಬರೆಯಲು ಕೂತರೆ ಕ್ಯಾಮೆರಾ ಎಲ್ಲಿಡಬೇಕೋ ಗೊತ್ತಾಗುವುದಿಲ್ಲ. ಭಯವೆಲ್ಲ ಕಥೆ ಹೇಳುವವನ ಮಾತಲ್ಲೇ ಇದೆ, ಅಲ್ವಾ?

ಮೊದಲು ಮುದುಕನ ಕಣ್ಣಿಗೆ ಬಿಳಿ ಲೆನ್ಸ್ ಹಾಕಿಸಿದೆ. ಟೆಸ್ಟ್ ಶಾಟ್ ನೋಡಿ ಗೆಳೆಯರು ಬಿದ್ದು ಬಿದ್ದು ನಕ್ಕರು. ದುಡ್ಡು ಹಾಕುತ್ತೇನೆ ಅಂದಿದ್ದವರೊಬ್ಬರು ‘ಕೊನೆಗೆ ಮುದುಕ ದೆವ್ವ ಆಗಿ ಬರ್ಲಿ ಸಾರ್’ ಅಂದರು. ಬರಲ್ಲ ಅಂದೆ, ಅವರೂ ಮತ್ತೆ ಬರಲಿಲ್ಲ.

ಆಗ ನೆನಪಾಗಿದ್ದು ಅಮೆರಿಕದ ಸಿನಿಮಾ ನಿರ್ದೇಶಕ ರೋಜರ್ ಕೋರ್ಮನ್. 1960ರಲ್ಲಿ ಪೋ ಕಥೆಯಿಂದ ‘ಹೌಸ್ ಆಫ್ ಅಶರ್’ ಮಾಡಲು ಹೊರಟಾಗ, ಇದರಲ್ಲಿ ರಾಕ್ಷಸ ಎಲ್ಲಿ ಅಂತ ಅವರಿಗೂ ಕೇಳಿದ್ದರು. ಮನೆಯೇ ರಾಕ್ಷಸ ಅಂದರಂತೆ. 15 ದಿನದಲ್ಲಿ ಶೂಟಿಂಗ್ ಮುಗಿಸಿದರು. ಮರುವರ್ಷದ ‘ಪಿಟ್ ಅಂಡ್ ದಿ ಪೆಂಡುಲಂ’ಗೆ ಪೋ ಕಥೆ ಕೊನೆ ಭಾಗಕ್ಕಷ್ಟೇ ಸಾಕಾಯಿತು, ಅದರ ಮುಂಚಿನದನ್ನೆಲ್ಲ ಸ್ಕ್ರಿಪ್ಟ್ ಬರೆದ ರಿಚರ್ಡ್ ಮ್ಯಾಥೆಸನ್ ಹೊಸದಾಗಿ ಸೇರಿಸಿದರು. ಇದನ್ನು ತಿಳಿದ ಮೇಲೆ ಕಥೆಗೆ ಕೈ ಹಾಕುವ ಧೈರ್ಯ ಬಂತು.

ನಮ್ಮ ಲೊಕೇಶನ್ ತೀರ್ಥಹಳ್ಳಿ ಕಡೆಯ ಅಜ್ಜನ ಮನೆ. ಅಲ್ಲಿ ಹಲಗೆ ಇರುವುದು ಉಪ್ಪರಿಗೆಯಲ್ಲಿ ಮಾತ್ರ, ಕಿತ್ತರೆ ಹೆಣ ಸೀದಾ ಅಡುಗೆಮನೆಗೆ ಬೀಳುತ್ತದೆ! ಅದಕ್ಕೆ ಹೆಣವನ್ನು ಪತ್ತಾಯಕ್ಕೆ, ಅಂದರೆ ಭತ್ತ ತುಂಬಿಡುವ ದೊಡ್ಡ ಮರದ ಪೆಟ್ಟಿಗೆಗೆ ಹಾಕಿಸಿದೆ. ಕೊಂದವನು ಅದರ ಮೇಲೇ ಕೂತು ಪೊಲೀಸರಿಗೆ ಎಲೆಅಡಿಕೆ ತಟ್ಟೆ ಸರಿಸುತ್ತಾನೆ.

ಉಳಿದಿದ್ದು ಎದೆಬಡಿತ. ನೆಟ್‌ನಲ್ಲಿ ಸಿಗುವ ಸದ್ದು ಹಾಕಿದರೆ ಆಸ್ಪತ್ರೆ ಸೀನ್ ಥರ ಕೇಳುತ್ತಿತ್ತು. ಕಥೆಯನ್ನು ಮತ್ತೆ ಓದಿದೆ. ಹತ್ತಿಯಲ್ಲಿ ಸುತ್ತಿದ ವಾಚಿನ ಸದ್ದಿನ ಹಾಗೆ ಅಂತ ಪೋ ಸ್ಪಷ್ಟವಾಗಿ ಬರೆದಿದ್ದಾನೆ, ನಾನೇ ಸುಮ್ನೆ ದಾಟಿಕೊಂಡು ಹೋಗಿದ್ದೆ. ಅಜ್ಜನ ಕೀ ಕೊಡುವ ಎಚ್‌ಎಂಟಿ ವಾಚನ್ನು ಹತ್ತಿಯಲ್ಲಿ ಸುತ್ತಿ, ಪಕ್ಕಕ್ಕೆ ಕಾಲರ್ ಮೈಕ್ ತುರುಕಿ, ಅಕ್ಕಿ ಡಬ್ಬದಲ್ಲಿಟ್ಟು, ಫ್ರಿಜ್ ಆಫ್ ಮಾಡಿ ರಾತ್ರಿ 2 ಗಂಟೆಗೆ ರೆಕಾರ್ಡ್ ಮಾಡಿದೆ. ಅದು ಸೆಕೆಂಡಿಗೆ 5 ಸಲ, ಅಂದರೆ ನಿಮಿಷಕ್ಕೆ 300 ಸಲ ಟಿಕ್ ಅನ್ನುತ್ತದೆ. ವೇಗವನ್ನು ಕಾಲು ಭಾಗಕ್ಕೆ ಇಳಿಸಿದರೆ 75, ಹೆಚ್ಚುಕಡಿಮೆ ಮನುಷ್ಯನ ನಾಡಿ! ನಿಧಾನ ಮಾಡಿದ್ದಕ್ಕೆ ಸದ್ದೂ ದಪ್ಪಗಾಗಿ, ಟಿಕ್ ಹೋಗಿ ಧಬ್ ಆಯಿತು. ಕೊನೇ ಸೀನಿನಲ್ಲಿ ವೇಗವನ್ನು ಸ್ವಲ್ಪ ಸ್ವಲ್ಪವೇ ಏರಿಸಿದೆ, ಅಷ್ಟೇ. ಅಲ್ಲಿ ಸಂಗೀತವೇ ಇಲ್ಲ.

ಮುಂದಿನದು ಡಬ್ಲ್ಯೂ. ಡಬ್ಲ್ಯೂ. ಜೇಕಬ್ಸ್ ಬರೆದ 1902ರ ಕಥೆ ‘ದಿ ಮಂಕೀಸ್ ಪಾ’. ಅದರ ಜೀವವೆಲ್ಲ ರಾತ್ರಿ ಬಾಗಿಲು ಬಡಿಯುವ ಸದ್ದಿನಲ್ಲಿದೆ. ಈ ಸಲ ಸಿಕ್ಕಿರುವ ಮನೆಗೆ ಕಾಲಿಂಗ್ ಬೆಲ್ ಇದೆ, ಅದೂ ಹಕ್ಕಿ ಕೂಗುವಂಥದ್ದು.