ಪಂಚಾಯ್ತಿ ಕ್ಯಾಂಡಿಡೇಟ್‌ಗೆ ಪೊಲೀಸ್ ಪ್ರೊಟೆಕ್ಷನ್ ಆರ್ಡರ್ ತಂದಿದ್ದು: ನನ್ನ ಅನುಭವ

2020ರ ಡಿಸೆಂಬರ್. ಗ್ರಾಮ ಪಂಚಾಯ್ತಿ ಎಲೆಕ್ಷನ್ 22 ಮತ್ತೆ 27ಕ್ಕೆ, ಎರಡು ಹಂತ. ಮೊದಲ ಹಂತದ ಒಂದು ಊರಿಂದ ಒಬ್ಬ ಹೆಣ್ಣುಮಗಳು ಅಣ್ಣನ ಜೊತೆ ನನ್ನ ವಕೀಲಿ ಆಫೀಸಿಗೆ ಬಂದ್ರು. ಊರಲ್ಲಿ ದೊಡ್ಡೋರು ಅನ್ನಿಸ್ಕೊಂಡೋರೆಲ್ಲಾ ಕೂತು ಆ ಸೀಟು ಅವಿರೋಧ ಅಂತ ತೀರ್ಮಾನ ಮಾಡಿಬಿಟ್ಟಿದ್ರಂತೆ, ಈಯಮ್ಮ ಹೋಗಿ ನಾಮಪತ್ರ ಹಾಕಿಬಿಟ್ಟಿದ್ದಾರೆ. ಅವತ್ತು ರಾತ್ರೀನೇ ಮನೆ ಮುಂದೆ ನಾಲ್ಕು ಬೈಕು, "ವಾಪಸ್ ತಗೋ, ಇಲ್ಲಾಂದ್ರೆ ಹೊಲಕ್ಕೆ ಹೋದ ಗಂಡ ಮನೆಗೆ ಬರಲ್ಲ" ಅಂತ.

ಸ್ಟೇಷನ್ನಲ್ಲಿ ಎಫ್‌ಐಆರ್ ಮಾಡದೆ ಎನ್‌ಸಿಆರ್ (ಅಸಂಜ್ಞೇಯ ಅಪರಾಧದ ವರದಿ) ಮಾಡಿ, ದೂರು ಬಂದಿದೆ ಅನ್ನೋ ಹಿಂಬರಹ ಕೊಟ್ಟು ಕಳಿಸಿದ್ರು. ಆಗ ಐಪಿಸಿ ಇತ್ತು, ಅದರ 506, ಅಂದ್ರೆ ಬೆದರಿಕೆ ಹಾಕೋದು, ಅಸಂಜ್ಞೇಯ ಅಪರಾಧ, ಪೊಲೀಸ್ರು ತನಿಖೆ ಮಾಡ್ಬೇಕಾದ್ರೆ ಮ್ಯಾಜಿಸ್ಟ್ರೇಟ್ ಪರ್ಮಿಷನ್ ಬೇಕು. ಕಾನೂನು ಪ್ರಕಾರ ಸರೀನೇ, ಆದ್ರೆ ನಾಮಪತ್ರ ವಾಪಸ್ಸಿಗೆ ಕೊನೆ ದಿನ ಮೂರು ದಿನದಲ್ಲಿತ್ತು. ಆ ಹಿಂಬರಹಾನ ಅಣ್ಣ ಸಿಟ್ಟಲ್ಲಿ ಮುದುರಿ ಜೇಬಿಗೆ ಹಾಕ್ಕೊಂಡಿದ್ರು, ನಾನು ಬಿಡಿಸಿ ಮೇಜಿನ ಮೇಲೆ ತೀಡಿ ಇಟ್ಕೊಂಡೆ. ಮ್ಯಾಂಡಮಸ್ (ಅಧಿಕಾರಿಗೆ ನಿನ್ನ ಕೆಲಸ ಮಾಡು ಅನ್ನೋ ಹೈಕೋರ್ಟ್ ಆದೇಶ) ಕೇಳ್ಬೇಕಾದ್ರೆ ಮೊದ್ಲು ಅಧಿಕಾರಿ ಹತ್ರ ಹೋಗಿದ್ವಿ, ಕೆಲಸ ಆಗಿಲ್ಲ ಅಂತ ತೋರಿಸ್ಬೇಕಲ್ಲ, ಅದಕ್ಕೆ ಇದಕ್ಕಿಂತ ಒಳ್ಳೆ ಕಾಗದ ಇಲ್ಲ. ಅದೇ ಸಂಜೆ ಎಸ್‌ಪಿ, ಡಿಸಿ, ರಾಜ್ಯ ಚುನಾವಣಾ ಆಯೋಗ ಮೂರೂ ಕಡೆಗೆ ಮನವಿ ಇಮೇಲ್ ಮಾಡಿದ್ವಿ.

ಸಂವಿಧಾನದ ಆರ್ಟಿಕಲ್ 226ರ ಕೆಳಗೆ ಹೈಕೋರ್ಟಲ್ಲಿ ರಿಟ್ ಅರ್ಜಿ ಹಾಕಿದ್ವಿ. ಇಲ್ಲಿ ಭಯ ಇದ್ದಿದ್ದು ಆರ್ಟಿಕಲ್ 243-ಒ, ಪಂಚಾಯ್ತಿ ಚುನಾವಣೆ ವಿಷಯಕ್ಕೆ ಕೋರ್ಟ್ ಕೈ ಹಾಕೋ ಹಾಗಿಲ್ಲ ಅನ್ನೋದು. ಚುನಾವಣೆ ನಡೀತಿರೋವಾಗ ಕೋರ್ಟ್ ನಡುವೆ ಬರಬಾರದು ಅನ್ನೋದು 1952ರ ಪೊನ್ನುಸ್ವಾಮಿ ಕೇಸಿಂದ್ಲೂ ಸುಪ್ರೀಂ ಕೋರ್ಟ್ ಹೇಳ್ತಾ ಬಂದಿರೋ ಮಾತು. ಆದ್ರೆ 2000ದ ಅಶೋಕ್ ಕುಮಾರ್ ಕೇಸಲ್ಲಿ ಸುಪ್ರೀಂ ಕೋರ್ಟ್ ಹೇಳಿದೆ, ಚುನಾವಣೆ ನಿಲ್ಲಿಸೋಕೆ ಅಲ್ಲ, ಸರಿಯಾಗಿ ನಡೆಯೋಕೆ ನೆರವಾಗೋ ಆದೇಶಕ್ಕೆ ಅಡ್ಡಿ ಇಲ್ಲ ಅಂತ. ಹಂಗಾಗಿ ಎದುರಾಳಿ ನಾಮಪತ್ರದ ಬಗ್ಗೆ ಅರ್ಜೀಲಿ ಒಂದಕ್ಷರ ಬರೀಲಿಲ್ಲ, ಅಣ್ಣ ಎಷ್ಟು ಒತ್ತಾಯ ಮಾಡಿದ್ರೂ.

ಇನ್ನು ಪ್ರೇಯರ್, ಅಂದ್ರೆ ಅರ್ಜೀಲಿ ಕೋರ್ಟಿಂದ ಏನು ಬೇಕು ಅಂತ ಕೇಳೋ ಭಾಗ. ಹಿಂದೆ ಒಂದು ಕೇಸಲ್ಲಿ "ಸೂಕ್ತ ರಕ್ಷಣೆ ಕೊಡಿಸಿ" ಅಂತ ದೊಡ್ಡದಾಗಿ ಕೇಳಿ ಏಟು ತಿಂದಿದ್ದೆ, ಎರಡು ವಾರದಲ್ಲಿ ಮನವಿ ಪರಿಗಣಿಸಿ ಅಂತ ಆರ್ಡರ್ ಆಯ್ತು, ಎರಡು ವಾರ ಆಗೋದ್ರೊಳಗೆ ಕೌಂಟಿಂಗೇ ಮುಗಿದಿತ್ತು. ಈ ಸಲ ಚಿಕ್ಕಚಿಕ್ಕದಾಗಿ ಕೇಳ್ದೆ: ವಾಪಸ್ ತಗೊಳ್ಳೋ ಕೊನೆ ದಿನ ಮುಗಿಯೋ ತನಕ ಮನೆ ಹತ್ರ ಒಬ್ಬ ಪೊಲೀಸ್, ರಾತ್ರಿ ಬೀಟ್ (ಪೊಲೀಸ್ ಗಸ್ತು), ಪ್ರಚಾರಕ್ಕೆ ಹೋಗೋ ದಿನ ಮೊದಲೇ ತಿಳಿಸಿದ್ರೆ ಜೊತೆಗೆ ಒಬ್ರು, ಮತದಾನದ ದಿನ, 30ಕ್ಕೆ ಎಣಿಕೆ ದಿನ. ಜವಾಬ್ದಾರಿ ಸ್ಟೇಷನ್ ಇನ್ಸ್‌ಪೆಕ್ಟರ್‌ದು ಅಂತ.

ಕೋವಿಡ್ ಟೈಮು, ವಿಡಿಯೋ ಕಾನ್ಫರೆನ್ಸಲ್ಲೇ ವಾದ. ಸರ್ಕಾರಿ ವಕೀಲರು "ಕ್ಯಾಂಡಿಡೇಟ್‌ಗಳಿಗೆಲ್ಲಾ ಗನ್‌ಮ್ಯಾನ್ ಕೊಡ್ತಾ ಕೂತ್ರೆ ಬೂತಿಗೆ ಯಾರೂ ಉಳಿಯಲ್ಲ" ಅಂದ್ರು. ಮಾತು ನಿಜಾನೇ. ನಾನು ಗನ್‌ಮ್ಯಾನ್ ಕೇಳೇ ಇಲ್ಲ ಸ್ವಾಮಿ ಅಂದೆ. ಹತ್ತು ನಿಮಿಷಕ್ಕೆ ಆರ್ಡರ್, ಹೆಚ್ಚುಕಮ್ಮಿ ಕೇಳಿದಷ್ಟೂ ಸಿಕ್ತು.

ಇನ್ನೊಂದು ಕೆಲಸ ಕೋರ್ಟಿಂದ ಹೊರಗಡೆದು. ಚುನಾವಣಾಧಿಕಾರಿಗೆ ಆಯಮ್ಮನ ಕೈಲಿ ಪತ್ರ ಕೊಡಿಸ್ದೆ, ನನ್ನ ಪರವಾಗಿ ನಾಮಪತ್ರ ವಾಪಸ್ ತಗೊಳ್ಳೋಕೆ ಸೂಚಕರೂ (ನಾಮಪತ್ರದಲ್ಲಿ ಹೆಸರು ಸೂಚಿಸಿ ಸಹಿ ಹಾಕಿದೋರು) ಸೇರಿ ಯಾರಿಗೂ ಅಧಿಕಾರ ಕೊಟ್ಟಿಲ್ಲ ಅಂತ. ಕೊನೆ ದಿನ ಯಾರೋ ಒಂದು ಸಹಿ ಮಾಡಿದ ಕಾಗದ ಹಿಡ್ಕೊಂಡು ಬಂದೇ ಬಂದ್ರು, ಆ ಪತ್ರ ನೋಡಿ ಅಧಿಕಾರಿ ತಗೊಳ್ಳಲಿಲ್ಲ.

ಪೊಲೀಸ್ ಬಂದ, ಆದ್ರೆ ಮೊದಲ ರಾತ್ರಿ ಎದುರು ಪಾರ್ಟಿಯೋರ ಜಗಲೀಲೇ ಕೂತಿದ್ದನಂತೆ. ಇನ್ಸ್‌ಪೆಕ್ಟರ್‌ಗೆ ಆರ್ಡರ್ ಕಾಪಿ ಮತ್ತೆ ಕಳಿಸಿ, ಬೀಟ್ ಪುಸ್ತಕ ಆಯಮ್ಮನ ಮನೇಲೇ ಇಡಿಸಿ ಅಂತ ಬರೆದೆ. ಮಾರನೇ ದಿನದಿಂದ ಸಹಿ ಹಾಕೋಕಾದ್ರೂ ಮನೆಗೆ ಬರ್ತಿದ್ರು.

ಆಯಮ್ಮ ಸೋತ್ರು. ಆರ್ಡರ್ ಎಣಿಕೆ ದಿನಕ್ಕೇ ಮುಗೀತು, ಅದಾಗಿ ವಾರಕ್ಕೆ ಮನೆ ಹೆಂಚಿನ ಮೇಲೆ ಕಲ್ಲು ಬಿತ್ತು. "ಸಾರ್, ಪೊಲೀಸ್ನೋರು ಈಗ ನಮ್ಗೆ ಸಂಬಂಧ ಇಲ್ಲ ಅಂತಾರೆ" ಅಂತ ಫೋನ್ ಮಾಡಿದ್ರು, ನಂಗೆ ಬಾಯೇ ಬರಲಿಲ್ಲ, ತಪ್ಪು ನಂದೇ. ಆವತ್ತಿಂದ ಇಂಥ ಅರ್ಜಿ ಬರೆದಾಗೆಲ್ಲಾ ಫಲಿತಾಂಶ ಆದ್ಮೇಲೂ 15 ದಿನ ರಕ್ಷಣೆ ಬೇಕು ಅಂತ ಸೇರಿಸ್ತೀನಿ.